ಅಶೋಕರು ನೆಡಿಸಿದ ನೆರಳು



ನಿನ್ನೆ ಮೊಸಳೆ ರಸ್ತೆಯಲ್ಲಿ ಬಿಸಿಲು ತಡೆಯದೆ ಮರದ ಕೆಳಗೆ ನಿಂತಾಗ ಸಾಮ್ರಾಟ್ ಅಶೋಕರು ನೆನಪಾದರು. ಪಟ್ಟವೇರಿದ ಎಂಟು ವರ್ಷಕ್ಕೆ ಕಳಿಂಗ ಗೆದ್ದರು. ಲಕ್ಷ ಜನ ಸತ್ತರು, ಒಂದೂವರೆ ಲಕ್ಷ ಜನ ಸೆರೆಯಾಗಿ ಹೋದರು. ಆ ಸಂಕಟವನ್ನು ಮುಚ್ಚಿಡದೆ ತಾವೇ ಬಂಡೆಯ ಮೇಲೆ ಕೆತ್ತಿಸಿ, ಧಮ್ಮದ ಕಡೆ ತಿರುಗಿದರು. (ಗೆದ್ದ ರಾಜ ಹೀಗೆ ಬರೆಸಿದ್ದನ್ನು ನಾನು ಬೇರೆಲ್ಲೂ ಓದಿಲ್ಲ.) ಅವರ ಶಾಸನಗಳಲ್ಲಿ ದಾರಿಬದಿಯ ಆಲವಿದೆ, ಮಾವಿನ ತೋಪಿದೆ, ಔಷಧಿ ಗಿಡವಿದೆ, ಸುಮ್ಮಸುಮ್ಮನೆ ಕಾಡು ಸುಡಬಾರದೆಂಬ ಆಜ್ಞೆಯಿದೆ. ಆಲದ ನೆರಳು ಮನುಷ್ಯರಿಗೆ, ದನಕರುಗಳಿಗೆ. ಜಾತಿಯ ಮಾತೇ ಇಲ್ಲ.

ಕಲ್ಲಿನಲ್ಲಿ ಅಶೋಕ ಎಂಬ ಹೆಸರು ಮೊದಲು ಸಿಕ್ಕಿದ್ದು ನಮ್ಮ ರಾಯಚೂರಿನ ಮಸ್ಕಿಯಲ್ಲಿ, 1915ರಲ್ಲಿ. ನನ್ನ ತಾತ ಆಗ ಚಿಕ್ಕ ಹುಡುಗ. ಊರ ಅರಳಿಕಟ್ಟೆಯ ಮೇಲೆ ಸಾಯುವವರೆಗೂ ಅವರು ಕೂತವರಲ್ಲ.