ಒಂದನೆಯ ಸಾಲಾರ್ ಜಂಗರೂ ನಿಜಾಮ ಕರ್ನಾಟಕದ ರೈತನೂ

ಹುಲಿಗಿಯ ಬಳಿಯಲ್ಲಿ ಹರಿಯುವ ತುಂಗಭದ್ರೆಯು ಒಂದೇ ನದಿ. ಎರಡು ದಂಡೆಗಳ ಮಣ್ಣೂ ಮಾತೂ ಒಂದೇ. ಆದರೂ 1800ನೆಯ ಇಸವಿಯಿಂದ ಸುಮಾರು ಒಂದೂವರೆ ಶತಮಾನದವರೆಗೆ ಅದು ಎರಡು ಆಡಳಿತಗಳ ಮೇರೆಯಾಗಿದ್ದಿತು. ಆ ವರ್ಷ ನಿಜಾಮನು ಇಂಗ್ಲೀಷ್ ಕಂಪನಿಗೆ ಬಿಟ್ಟುಕೊಟ್ಟ ಬಳ್ಳಾರಿ ಸೀಮೆಯಲ್ಲಿ ಥಾಮಸ್ ಮನ್ರೋ ಸಾಹೇಬನು ರೈತನೊಡನೆ ಸರಕಾರವೇ ನೇರವಾಗಿ ಕಂದಾಯವನ್ನು ಗೊತ್ತುಪಡಿಸುವ ಕಾರ್ಯಕ್ಕೆ ಕೈಯಿಕ್ಕಿದನು. ಉತ್ತರ ದಂಡೆಯ ರೈತನಿಗೆ ಅಂತಹ ಏರ್ಪಾಡು ದೊರೆಯಬೇಕಾದರೆ ಬಹುಕಾಲ ಕಾಯಬೇಕಾಯಿತು. ಅದನ್ನು ಆರಂಭಿಸಿದವರು ಹೈದರಾಬಾದಿನ ದಿವಾನರಾದ ಒಂದನೆಯ ಸಾಲಾರ್ ಜಂಗರು. ಅವರು ಮಾಡಿದುದೆಷ್ಟು, ಮಾಡದೆ ಉಳಿಸಿದುದೆಷ್ಟು ಎಂಬುದನ್ನು ಕನ್ನಡಿಗರು ಪಕ್ಷಪಾತವಿಲ್ಲದೆ ತೂಗಿ ನೋಡುವುದು ಯುಕ್ತವಾಗಿದೆ.

ಮೀರ್ ತುರಾಬ್ ಅಲಿಖಾನರೆಂಬುದು ಅವರ ಮೊದಲ ಹೆಸರು. 1829ರಲ್ಲಿ ಜನಿಸಿದ ಇವರ ಪೂರ್ವಿಕರು ವಿಜಾಪುರದ ಆದಿಲಶಾಹಿ ದರಬಾರಿನಲ್ಲಿ ಸೇವೆ ಸಲ್ಲಿಸಿದವರು. ಎಳೆಯ ಪ್ರಾಯದಲ್ಲಿಯೇ ತೆಲಂಗಾಣದಲ್ಲಿ ಕೆಲವು ತಿಂಗಳು ತಾಲೂಕದಾರರಾಗಿದ್ದುದರಿಂದ ಕಂದಾಯದ ಒಳಗುಟ್ಟುಗಳು ಅವರಿಗೆ ತಿಳಿದವು. 1853ರ ಮೇ ತಿಂಗಳಲ್ಲಿ, ಸಾಲದ ಭಾರದಿಂದ ಕುಗ್ಗಿದ ನಿಜಾಮ ಸರಕಾರವು ವರಾಡವನ್ನೂ ರಾಯಚೂರು ದೋಆಬವನ್ನೂ ನಳದುರ್ಗವನ್ನೂ ಕಂಪನಿಯ ವಶಕ್ಕೆ ಒಪ್ಪಿಸಿತು. ಒಪ್ಪಂದವಾದ ಕೆಲವೇ ದಿನಗಳಲ್ಲಿ ದಿವಾನರಾಗಿದ್ದ ಚಿಕ್ಕಪ್ಪ ಸಿರಾಜ್-ಉಲ್-ಮುಲ್ಕರು ತೀರಿಕೊಂಡರು. 24 ವರ್ಷದ ತರುಣನ ಹೆಗಲಿಗೆ ಸಂಸ್ಥಾನದ ಭಾರವು ಬಿದ್ದಿತು.

ಆಗಿನ ಬೊಕ್ಕಸವು ಬರಿದಾಗಿದ್ದಿತು. ಸಂಬಳವಿಲ್ಲದ ಅರಬ ಮತ್ತು ರೋಹಿಲ್ಲಾ ಜಮಾದಾರರೂ ಸಾಹುಕಾರರೂ ಕೊಟ್ಟ ಸಾಲಕ್ಕಾಗಿ ತಾಲೂಕುಗಳನ್ನೇ ಒತ್ತೆ ಹಿಡಿದಿದ್ದರು. ಉಳಿದ ಸೀಮೆಯು ಗುತ್ತಿಗೆದಾರರ ಕೈಯಲ್ಲಿದ್ದಿತು. ತಾಲೂಕದಾರನೆಂಬವನು ಸರಕಾರದ ನೌಕರನಲ್ಲ. ಇಂತಿಷ್ಟು ಹಣವನ್ನು ಕಟ್ಟುವೆನೆಂದು ಒಪ್ಪಿ, ರೈತನಿಂದ ಸಾಧ್ಯವಾದಷ್ಟನ್ನು ಕಿತ್ತುಕೊಳ್ಳುವ ಇಜಾರದಾರ. ಮುಂದಿನ ವರ್ಷ ಗುತ್ತಿಗೆಯು ತನಗೆ ದಕ್ಕುವುದೋ ಇಲ್ಲವೋ ಎಂದು ಅರಿಯದವನಿಗೆ ರೈತನ ಎತ್ತು, ಬೀಜ, ಬಾವಿಗಳ ಚಿಂತೆ ಎಲ್ಲಿಯದು? ಭೂಮಿಯು ಬೀಳು ಬೀಳುವುದಕ್ಕೂ ಒಕ್ಕಲು ಊರು ಬಿಡುವುದಕ್ಕೂ ಇದಕ್ಕಿಂತ ಬೇರೆ ಕಾರಣವು ಬೇಕಾಗಿರಲಿಲ್ಲ.

ಸಾಲಾರ್ ಜಂಗರು ಮೊದಲು ಕೈಹಾಕಿದ್ದು ಈ ಮೂಲಕ್ಕೇ. ಒತ್ತೆಬಿದ್ದ ತಾಲೂಕುಗಳನ್ನು ಒಂದೊಂದಾಗಿ ಬಿಡಿಸಿಕೊಂಡರು. ಇಜಾರದಾರರನ್ನು ತೆಗೆದು ಸಂಬಳದ ಅಧಿಕಾರಿಗಳನ್ನು ನೇಮಿಸಿದರು. 1865ರಲ್ಲಿ ಜಿಲಾಬಂದಿಯೆಂದು ಹೆಸರಾದ ಏರ್ಪಾಡಿನಿಂದ ಸಂಸ್ಥಾನವು ಜಿಲ್ಲೆ ತಾಲೂಕುಗಳಾಗಿ ವಿಭಾಗಿಸಲ್ಪಟ್ಟು, ತಾಲೂಕದಾರ, ತಹಶೀಲ್ದಾರರ ಶ್ರೇಣಿಯು ಸ್ಥಿರವಾಯಿತು. ರಾಶಿಯಲ್ಲಿ ಪಾಲು ಎತ್ತುವ ಹಳೆಯ ರೂಢಿಯ ಬದಲು ನಗದು ಸಾರಾ ನಿಂತಿತು. 1870ರ ದಶಕದಲ್ಲಿ, ಮುಂಬಯಿ ಇಲಾಖೆಯಲ್ಲಿ ವಿಂಗೇಟ್, ಗೋಲ್ಡ್‌ಸ್ಮಿಡ್ ಎಂಬವರು ರೂಪಿಸಿದ್ದ ಪದ್ಧತಿಯ ಮಾದರಿಯಲ್ಲಿ ಮೋಜಣಿಯು ಆರಂಭವಾಯಿತು. ಹೊಲವನ್ನು ಅಳೆದು, ಮಣ್ಣಿನ ತರವನ್ನು ಆಣೆಗಳ ಲೆಕ್ಕದಲ್ಲಿ ನಿಶ್ಚಯಿಸಿ, ಅನೇಕ ವರ್ಷಗಳ ವರೆಗೆ ಸಾರಾ ಏರದಂತೆ ಗೊತ್ತುಮಾಡುವುದೇ ಇದರ ತಿರುಳು. ನಾಳೆ ತನಗೆಷ್ಟು ಉಳಿಯುವುದೆಂದು ಬಲ್ಲ ರೈತನೇ ಇಂದು ಬಾವಿ ತೋಡಿಯಾನು.

ದೇಶಾಭಿಮಾನಿಗಳಿಗೆ ಇವರ ಚರಿತ್ರೆಯಲ್ಲಿ ಕಹಿಯಾದ ಅಧ್ಯಾಯವೂ ಉಂಟು. 1857ರಲ್ಲಿ ಇವರು ಇಂಗ್ಲೀಷರ ಪಕ್ಷವನ್ನು ಬಿಡಲಿಲ್ಲ. ಮರುವರ್ಷ ಮುಂಡರಗಿ ಭೀಮರಾಯನೂ ಹಮ್ಮಿಗೆಯ ಕೆಂಚನಗೌಡನೂ ಕೊಪ್ಪಳದ ಕೋಟೆಯಲ್ಲಿ ಹೋರಾಡಿ ಮಡಿದರು. ಆ ನಿಷ್ಠೆಯ ಫಲವಾಗಿ 1860ರಲ್ಲಿ ರಾಯಚೂರು ದೋಆಬವೂ ನಳದುರ್ಗವೂ ನಿಜಾಮನಿಗೆ ಮರಳಿದವು. ಕನ್ನಡ ರೈತರು ಒಬ್ಬ ಒಡೆಯನಿಂದ ಇನ್ನೊಬ್ಬನ ಕೈಗೆ ಹಸ್ತಾಂತರಗೊಂಡರೇ ವಿನಾ ಅವರನ್ನು ಕೇಳಿದವರಾರೂ ಇಲ್ಲ. ವರಾಡವನ್ನು ಮರಳಿ ಪಡೆಯುವ ಆಸೆಯಿಂದ ದಿವಾನರು 1876ರಲ್ಲಿ ಇಂಗ್ಲೆಂಡಿಗೂ ಹೋದರು; ಸನ್ಮಾನಗಳು ಬೇಕಾದಷ್ಟು ದೊರೆತವು, ವರಾಡ ದೊರೆಯಲಿಲ್ಲ. ಅದೇ ವರ್ಷ ಮೊದಲಾದ ಭೀಕರ ಕ್ಷಾಮವು ರಾಯಚೂರು, ಲಿಂಗಸುಗೂರು ಸೀಮೆಗಳನ್ನು ಹಿಂಡಿತು. 1883ರ ಫೆಬ್ರವರಿಯಲ್ಲಿ ವಾಂತಿಭೇದಿಯ ಬೇನೆಯಿಂದ ಅವರು ಹೈದರಾಬಾದಿನಲ್ಲಿ ಕಾಲವಾದರು.

ಇನ್ನು ನಮ್ಮ ಸೀಮೆಯ ಮಾತು. ಈ ಸುಧಾರಣೆಗಳೆಲ್ಲ ದಿವಾಣಿ ಪ್ರದೇಶಕ್ಕೆ ಮಾತ್ರ ಸಂಬಂಧಿಸಿದವು. ಸಂಸ್ಥಾನದ ಭೂಮಿಯಲ್ಲಿ ಸುಮಾರು 5ರಲ್ಲಿ 2 ಪಾಲು ನಿಜಾಮನ ಖಾಸಗಿ ಸೊತ್ತಾಗಿಯೂ ಜಹಗೀರುಗಳಾಗಿಯೂ ದಿವಾಣಿಯ ಹೊರಗೆ ಉಳಿಯಿತು. ಕುಷ್ಟಗಿ, ಗಂಗಾವತಿಗಳು ದಿವಾಣಿ ತಾಲೂಕುಗಳಾದವು. ಅವಕ್ಕೆ ಹೊಂದಿಕೊಂಡಿರುವ ಕೊಪ್ಪಳ, ಯಲಬುರ್ಗಾಗಳು ಜಹಗೀರಾಗಿದ್ದವು. ಅದೂ ಸಾಲಾರ್ ಜಂಗ್ ಮನೆತನದ್ದೇ! ಸರಕಾರಕ್ಕೂ ರೈತನಿಗೂ ನಡುವೆ ಮತ್ತೊಬ್ಬನಿರಬಾರದೆಂಬ ನ್ಯಾಯವನ್ನು ಸಂಸ್ಥಾನಕ್ಕೆ ಕಲಿಸಿದವರ ಮನೆಯೇ ಇಲ್ಲಿ ಆ ನಡುವಿನ ಸ್ಥಾನದಲ್ಲಿದ್ದಿತು. ಜಹಗೀರದಾರನು ಒಳ್ಳೆಯವನಾದರೆ ರೈತನು ಸುಖಿ, ಇಲ್ಲವಾದರೆ ದುಃಖಿ. ಹಕ್ಕೆಂಬುದು ಮಾತ್ರ ಅವನ ಕೈಯಲ್ಲಿರಲಿಲ್ಲ. ಅಲ್ಲದೆ ಕಚೇರಿಯ ಭಾಷೆಯು ಅವರ ಕಾಲದಲ್ಲಿ ಪಾರಸಿಯಾಗಿದ್ದು ತರುವಾಯ ಉರ್ದುವಾಯಿತು. ತನ್ನ ಹೊಲದ ಮೇಲಣ ಸರಕಾರದ ತೀರ್ಮಾನವನ್ನು ಕನ್ನಡಿಗನು ಪರರ ಬಾಯಿಂದ ಕೇಳಿ ತಿಳಿಯಬೇಕಾಗಿದ್ದಿತು.

ಈ ಕೊರತೆಯನ್ನು ತುಂಬಿದವರು ದಿವಾನರಲ್ಲ, ಪ್ರಜೆಗಳು. 1948ರ ಸೆಪ್ಟೆಂಬರಿನಲ್ಲಿ ನಿಜಾಮನ ಒಡೆತನವು ಮುಗಿದು, 1949ರಲ್ಲಿ ಜಹಗೀರುಗಳು ರದ್ದಾದವು. 1956ರಲ್ಲಿ ಈ ಸೀಮೆಯು ಕನ್ನಡ ನಾಡಿನೊಡನೆ ಒಂದಾಯಿತು. ಹುಲಿಗಿಯ ನೆರೆಯಲ್ಲಿ ಎರಡು ಸರಕಾರಗಳು 1945ರಲ್ಲಿ ಅಡಿಗಲ್ಲಿಟ್ಟ ಅಣೆಕಟ್ಟು ಈಗ ಎರಡೂ ದಂಡೆಗಳಿಗೆ ನೀರುಣಿಸುತ್ತಿದೆ.

ಸಾಲಾರ್ ಜಂಗರು ಸಮರ್ಥರೆಂಬುದರಲ್ಲಿ ಸಂದೇಹವಿಲ್ಲ. ಇಜಾರದಾರನನ್ನು ಓಡಿಸಿದ ಅವರ ಉಪಕಾರವನ್ನು ರೈತನು ಮರೆಯಲಾಗದು. ಆದರೆ ಮೇಲಿನಿಂದ ಇಳಿದು ಬಂದ ಸುಧಾರಣೆಯು ಸುಧಾರಕನ ಮನೆಯ ಹೊಸ್ತಿಲಲ್ಲಿಯೇ ನಿಂತುಹೋಗುವುದುಂಟು. ಅದನ್ನು ದಾಟಿಸುವ ಶಕ್ತಿಯು ಜನರಲ್ಲಿಯೇ ಹುಟ್ಟಬೇಕೆಂಬುದಕ್ಕೆ ಕೊಪ್ಪಳ ಸೀಮೆಯ ಇತಿಹಾಸವೇ ಸಾಕ್ಷಿ. ಭೂಮಿಯ ವಿಷಯದಲ್ಲಿ ಹೊಸ ಕಾನೂನುಗಳನ್ನು ಬರೆಯುವವರೂ ಅವುಗಳನ್ನು ನಡೆಯಿಸುವ ಅಧಿಕಾರಿಗಳೂ ಈ ಸಾಕ್ಷ್ಯವನ್ನು ಮರೆಯದಿರುವುದು ಲೇಸು.