ಸುಲ್ತಾನ್ ಖಾನ್: ಐದೇ ವರ್ಷ ಬೆಳಗಿದ ಚದುರಂಗ ತಾರೆ

ಚದುರಂಗದ ಲೋಕದಲ್ಲಿ ದಶಕಗಳ ಕಾಲ ಆಡಿಯೂ ಹೆಸರಾಗದೆ ಉಳಿದವರು ಅನೇಕರು. ಅಂತರರಾಷ್ಟ್ರೀಯ ಕಣದಲ್ಲಿ ಐದು ವರ್ಷವೂ ತುಂಬುವ ಮೊದಲೇ ವಿಶ್ವದ ಅಗ್ರಗಣ್ಯ ಆಟಗಾರರ ಸಾಲಿನಲ್ಲಿ ನಿಂತು, ಬಳಿಕ ಸದ್ದಿಲ್ಲದೆ ಹಳ್ಳಿಗೆ ಮರಳಿದವರು ಮಾತ್ರ ವಿರಳ. ಅವಿಭಜಿತ ಭಾರತದ ಪಂಜಾಬಿನಲ್ಲಿ ಜನಿಸಿದ ಮೀರ್ ಸುಲ್ತಾನ್ ಖಾನ್ ಅಂಥವರಲ್ಲಿ ಪ್ರಮುಖರು. ಬದುಕಿದ್ದಾಗ ದೊರೆಯದ ಗ್ರ್ಯಾಂಡ್‌ಮಾಸ್ಟರ್ ಪದವಿ ಅವರನ್ನು ಅರಸಿಕೊಂಡು ಬಂದದ್ದು 2024ರಲ್ಲಿ. ಆಗ ಅವರು ಗತಿಸಿ ಅರ್ಧ ಶತಮಾನವೇ ಕಳೆದಿತ್ತು.

20ನೇ ಶತಮಾನದ ಆರಂಭದಲ್ಲಿ, ಇಂದು ಪಾಕಿಸ್ತಾನಕ್ಕೆ ಸೇರಿರುವ ಸರ್ಗೋಧಾ ಸೀಮೆಯ ಮಿಠಾ ಟಿವಾನಾ ಗ್ರಾಮದಲ್ಲಿ ಸುಲ್ತಾನ್ ಖಾನ್ ಹುಟ್ಟಿದರು. ಒಂಬತ್ತರ ಹರೆಯದಲ್ಲಿ ತಂದೆಯಿಂದಲೇ ಆಟ ಕಲಿತರು. ಇಪ್ಪತ್ತೊಂದು ತುಂಬುವ ಹೊತ್ತಿಗೆ ಪಂಜಾಬಿನ ಅತ್ಯಂತ ಬಲಿಷ್ಠ ಆಟಗಾರರೆಂಬ ಖ್ಯಾತಿ ಪಡೆದಿದ್ದರು. ಅದೇ ಭಾಗದ ದೊಡ್ಡ ಜಮೀನುದಾರ ಸರ್ ಉಮರ್ ಹಯಾತ್ ಖಾನ್ ಅವರ ಪ್ರತಿಭೆಯನ್ನು ಗುರುತಿಸಿ ಆಶ್ರಯ ನೀಡಿದರು. 1928ರ ಅಖಿಲ ಭಾರತ ಚಾಂಪಿಯನ್‌ಷಿಪ್‌ನಲ್ಲಿ ಒಂಬತ್ತು ಪಂದ್ಯಗಳ ಪೈಕಿ ಎಂಟನ್ನು ಗೆದ್ದು, ಒಂದನ್ನು ಮಾತ್ರ ಡ್ರಾ ಮಾಡಿಕೊಂಡ ಸುಲ್ತಾನ್ ಖಾನ್ ಪ್ರಶಸ್ತಿ ತಮ್ಮದಾಗಿಸಿಕೊಂಡರು.

ಹೊಸ ನಿಯಮ, ಹೊಸ ನೆಲ

1929ರಲ್ಲಿ ಉಮರ್ ಹಯಾತ್ ಖಾನ್ ಅವರೊಡನೆ ಸುಲ್ತಾನ್ ಖಾನ್ ಲಂಡನ್ ತಲುಪಿದರು. ಅವರು ಬಾಲ್ಯದಲ್ಲಿ ಕಲಿತದ್ದು ದೇಶೀ ಪದ್ಧತಿಯ ಚದುರಂಗ. ಅದರಲ್ಲಿ ಕಾಲಾಳು ಮೊದಲ ನಡೆಯಲ್ಲೂ ಒಂದೇ ಮನೆ ಮುಂದೆ ಸಾಗುತ್ತದೆ. ಯುರೋಪಿನ ಆಟದಲ್ಲಿ ರಾಜ ಮತ್ತು ಆನೆಯನ್ನು ಒಟ್ಟಿಗೆ ನಡೆಸಿ ರಾಜನಿಗೆ ರಕ್ಷಣೆ ಒದಗಿಸುವ ಕ್ಯಾಸ್ಲಿಂಗ್ ಅದರಲ್ಲಿಲ್ಲ. ಬದಲಿಗೆ ರಾಜನು ಒಮ್ಮೆ ಕುದುರೆಯಂತೆ ಜಿಗಿಯಬಹುದು. ಯುರೋಪಿಯನ್ನರು ಗ್ರಂಥಗಳಿಂದ ಕಲಿತು ಬಾಯಿಪಾಠ ಮಾಡಿಕೊಂಡಿದ್ದ ಆರಂಭಿಕ ನಡೆಗಳ ಶಾಸ್ತ್ರ ಸುಲ್ತಾನ್ ಖಾನ್ ಅವರಿಗೆ ಅಪರಿಚಿತವಾಗಿತ್ತು.

ಈ ಕೊರತೆ ಬೇಗನೇ ಬಯಲಾಯಿತು. ಅವರ ತರಬೇತಿಗೆಂದೇ ಏರ್ಪಡಿಸಿದ್ದ ಪುಟ್ಟ ಟೂರ್ನಿಯಲ್ಲಿ ಅವರು ಕೊನೆಯ ಸ್ಥಾನವನ್ನು ಹಂಚಿಕೊಳ್ಳಬೇಕಾಯಿತು. ಆದರೆ ಇಂಗ್ಲೆಂಡಿನ ಹಿರಿಯ ಆಟಗಾರರಾದ ವಿಲಿಯಂ ವಿಂಟರ್ ಮತ್ತು ಫ್ರೆಡ್ ಯೇಟ್ಸ್ ಅವರನ್ನು ಜತೆಗೆ ಕೂರಿಸಿಕೊಂಡು ಅಭ್ಯಾಸ ಮಾಡಿಸಿದರು. ಅದೇ ಬೇಸಿಗೆಯಲ್ಲಿ ರ‍್ಯಾಮ್ಸ್‌ಗೇಟ್‌ನಲ್ಲಿ ನಡೆದ ಬ್ರಿಟಿಷ್ ಚಾಂಪಿಯನ್‌ಷಿಪ್ ಗೆದ್ದು ಸುಲ್ತಾನ್ ಖಾನ್ ಎಲ್ಲರನ್ನೂ ಬೆರಗುಗೊಳಿಸಿದರು. 1932 ಮತ್ತು 1933ರಲ್ಲೂ ಈ ಪ್ರಶಸ್ತಿ ಅವರದೇ ಆಯಿತು. ಸ್ಪರ್ಧಿಸಿದ ನಾಲ್ಕು ಬಾರಿಯಲ್ಲಿ ಮೂರು ಬಾರಿ ಅವರೇ ವಿಜೇತರು.

ಘಟಾನುಘಟಿಗಳ ಎದುರು

1930ರ ಲಿಯೇಜ್ ಟೂರ್ನಿಯಲ್ಲಿ ಅವರು ಸಾವಿಯೆಲಿ ಟಾರ್ಟಕೋವರ್ ನಂತರದ ಎರಡನೇ ಸ್ಥಾನ ಪಡೆದರು. ಮರುವರ್ಷ ಅದೇ ಟಾರ್ಟಕೋವರ್ ಅವರನ್ನು 12 ಪಂದ್ಯಗಳ ಸರಣಿಯಲ್ಲಿ ಮಣಿಸಿದರು. 1930–31ರ ಹೇಸ್ಟಿಂಗ್ಸ್ ಟೂರ್ನಿಯಲ್ಲಿ ಮಾಜಿ ವಿಶ್ವ ಚಾಂಪಿಯನ್ ಹೋಸೆ ರೌಲ್ ಕಾಪಾಬ್ಲಾಂಕಾ ಅವರನ್ನು ಸೋಲಿಸಿದ್ದು ಅವರ ವೃತ್ತಿಜೀವನದ ಶಿಖರ. ಸೋಲನ್ನೇ ಅಪರೂಪಕ್ಕೆ ಕಂಡ ಕ್ಯೂಬಾದ ಈ ದಿಗ್ಗಜನನ್ನು ಬಿಳಿ ಕಾಯಿಗಳೊಡನೆ ಆಡಿದ ಸುಲ್ತಾನ್ ಖಾನ್ 65 ನಡೆಗಳಲ್ಲಿ ನಿಧಾನವಾಗಿ ಕಟ್ಟಿಹಾಕಿದರು. ಆರಂಭದಲ್ಲಿ ಎಡವಿದರೂ ನಡು ಆಟ ಮತ್ತು ಅಂತಿಮ ಹಂತದಲ್ಲಿ ಎದುರಾಳಿಯನ್ನು ಮೀರಿಸುವುದೇ ಅವರ ಬಲವಾಗಿತ್ತು.

ದೇಶದಲ್ಲಿ ಉಪ್ಪಿನ ಸತ್ಯಾಗ್ರಹದ ಕಾವು ಏರಿದ್ದ 1930ರಲ್ಲೇ ಹ್ಯಾಂಬರ್ಗ್ ಒಲಿಂಪಿಯಾಡ್‌ನಲ್ಲಿ ಇಂಗ್ಲೆಂಡ್ ತಂಡದ ಮೊದಲ ಬೋರ್ಡಿನಲ್ಲಿ ಕುಳಿತವರು ವಸಾಹತಿನಿಂದ ಬಂದ ಈ ಆಟಗಾರ. 1931ರ ಪ್ರಾಗ್ ಒಲಿಂಪಿಯಾಡ್‌ನಲ್ಲಿ ಎಂಟು ಗೆಲುವು, ಏಳು ಡ್ರಾ, ಎರಡು ಸೋಲು ಅವರ ಸಾಧನೆ. ಸಾಲೋ ಫ್ಲೋರ್ ಮತ್ತು ಅಕಿಬಾ ರೂಬಿನ್‌ಸ್ಟೈನ್ ಅಲ್ಲಿ ಅವರಿಗೆ ಶರಣಾದರು. ವಿಶ್ವ ಚಾಂಪಿಯನ್ ಅಲೆಕ್ಸಾಂಡರ್ ಅಲೆಖಿನ್ ಡ್ರಾಗೆ ತೃಪ್ತಿಪಡಬೇಕಾಯಿತು. 1933ರ ಫೋಕ್‌ಸ್ಟೋನ್ ಒಲಿಂಪಿಯಾಡ್‌ನಲ್ಲೂ ಮೊದಲ ಬೋರ್ಡು ಅವರದೇ. ಅದೇ ವರ್ಷ ಉಮರ್ ಹಯಾತ್ ಖಾನ್ ಅವರ ಪರಿವಾರದ ಫಾತಿಮಾ ಬ್ರಿಟಿಷ್ ಮಹಿಳಾ ಚಾಂಪಿಯನ್ ಆದರು.

ಇಷ್ಟಾದರೂ ಲಂಡನ್ ವಾಸ ಸುಲ್ತಾನ್ ಖಾನ್ ಅವರಿಗೆ ಒಗ್ಗಲಿಲ್ಲ. ಇಂಗ್ಲೆಂಡಿನ ಚಳಿ ಅವರನ್ನು ಬಾಧಿಸಿತು. ಮಲೇರಿಯಾ, ನೆಗಡಿ, ಗಂಟಲು ನೋವು ಮತ್ತೆ ಮತ್ತೆ ಕಾಡಿದವು. ಕತ್ತಿಗೆ ಬಟ್ಟೆ ಸುತ್ತಿಕೊಂಡೇ ಅವರು ಆಡಲು ಕುಳಿತದ್ದುಂಟು. ಅಲ್ಲಿನ ಬರಹಗಳು ಅವರನ್ನು ಜಮೀನುದಾರನ ಅನಕ್ಷರಸ್ಥ ಸೇವಕನೆಂದೇ ಚಿತ್ರಿಸಿದವು. ಅವರ ಕುಟುಂಬದವರು ಈ ಚಿತ್ರಣವನ್ನು ಬಲವಾಗಿ ಅಲ್ಲಗಳೆದಿದ್ದಾರೆ. ಅವರು ಓದುಬರಹ ಬಲ್ಲವರಾಗಿದ್ದರು, ಸ್ವಂತ ಜಮೀನುಳ್ಳ ಮನೆತನದವರಾಗಿದ್ದರು ಎಂಬುದು ಕುಟುಂಬದ ವಾದ.

ಮರಳಿ ಮಣ್ಣಿಗೆ

1933ರ ಕೊನೆಯಲ್ಲಿ ಸುಲ್ತಾನ್ ಖಾನ್ ತಾಯ್ನಾಡಿಗೆ ಮರಳಿದರು. 1935ರಲ್ಲಿ ವಿ.ಕೆ. ಖಾಡಿಲ್ಕರ್ ವಿರುದ್ಧ ಆಡಿದ ಹತ್ತು ಪಂದ್ಯಗಳಲ್ಲಿ ಒಂಬತ್ತನ್ನು ಗೆದ್ದು, ಒಂದನ್ನು ಡ್ರಾ ಮಾಡಿಕೊಂಡರು. ಬಳಿಕ ಚದುರಂಗ ಲೋಕಕ್ಕೆ ಅವರು ಕಾಣಿಸಲೇ ಇಲ್ಲ. ಹೊಲಗದ್ದೆ ನೋಡಿಕೊಂಡು ಸಂಸಾರದೊಡನೆ ಬಾಳಿದರು. ಮಕ್ಕಳಿಗೆ ಚದುರಂಗ ಹೇಳಿಕೊಡಲು ಒಪ್ಪದೆ, ಬದುಕಿಗೆ ಇನ್ನೂ ಉಪಯುಕ್ತವಾದುದನ್ನು ಮಾಡುವಂತೆ ತಿಳಿಹೇಳಿದರೆಂದು ಹಿರಿಯ ಮಗ ಸ್ಮರಿಸಿಕೊಂಡಿದ್ದಾರೆ. 1966ರ ಏಪ್ರಿಲ್ 25ರಂದು ಸರ್ಗೋಧಾದಲ್ಲಿ ಕ್ಷಯರೋಗದಿಂದ ಕೊನೆಯುಸಿರೆಳೆದರು.

ವಿಶ್ವ ಚೆಸ್ ಸಂಸ್ಥೆ ಫಿಡೆ 1950ರಲ್ಲಿ ಮೊದಲ ಬಾರಿಗೆ 27 ಮಂದಿಗೆ ಗ್ರ್ಯಾಂಡ್‌ಮಾಸ್ಟರ್ ಪದವಿ ನೀಡಿತು. ಸುಲ್ತಾನ್ ಖಾನ್ ಅವರಿಂದ ಸೋತಿದ್ದ ಟಾರ್ಟಕೋವರ್, ಫ್ಲೋರ್ ಆ ಪಟ್ಟಿಯಲ್ಲಿದ್ದರು. ಬಹುಕಾಲದ ಹಿಂದೆಯೇ ಕಣದಿಂದ ದೂರ ಸರಿದಿದ್ದ ರೂಬಿನ್‌ಸ್ಟೈನ್ ಕೂಡ ಇದ್ದರು. ಸುಲ್ತಾನ್ ಖಾನ್ ಹೆಸರು ಮಾತ್ರ ಇರಲಿಲ್ಲ. ಆಟ ನಿಲ್ಲಿಸಿದ್ದೇ ಕಾರಣವಾಗಿದ್ದರೆ ರೂಬಿನ್‌ಸ್ಟೈನ್ ಅವರಿಗೂ ಪದವಿ ದಕ್ಕುತ್ತಿರಲಿಲ್ಲ.

ಈ ಲೋಪ ಸರಿಹೋಗಲು ಏಳು ದಶಕಗಳೇ ಬೇಕಾದವು. 2024ರ ಫೆಬ್ರುವರಿಯಲ್ಲಿ ಫಿಡೆ ಅವರಿಗೆ ಮರಣೋತ್ತರವಾಗಿ ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿ ಪ್ರದಾನ ಮಾಡಿತು. ಹೀಗೆ ಅವರು ಪಾಕಿಸ್ತಾನದ ಮೊದಲ ಗ್ರ್ಯಾಂಡ್‌ಮಾಸ್ಟರ್ ಎನಿಸಿದರು. ಅವರು ಕಾಯಿ ನಡೆಸಿದ ದಿನಗಳಲ್ಲಿ ಆ ದೇಶವೇ ಹುಟ್ಟಿರಲಿಲ್ಲ. ಪದವಿ ಸ್ವೀಕರಿಸಲು ಅವರಿರಲಿಲ್ಲವಾದರೂ, ಕಾಪಾಬ್ಲಾಂಕಾ ವಿರುದ್ಧ ಆಡಿದ ಆ 65 ನಡೆಗಳು ಇಂದಿಗೂ ಚದುರಂಗ ಪ್ರಿಯರ ಅಭ್ಯಾಸದ ವಸ್ತುವಾಗಿ ಉಳಿದಿವೆ.