ಊಟದ ಹೊತ್ತಿಗೆ ನಿಲ್ಲುತ್ತಿದ್ದ ಯುದ್ಧ: ಜಮಖಂಡಿ ಅರಸರ ಪೂರ್ವಜ ಪರಶುರಾಮಭಾವು

ಇಂದಿನ ಬಾಗಲಕೋಟೆ ಜಿಲ್ಲೆಯ ಜಮಖಂಡಿಯನ್ನು 1811ರಿಂದ 1948ರವರೆಗೆ ಆಳಿದ ಪಟವರ್ಧನ ಮನೆತನದ ಪೂರ್ವಜರು ಪರಶುರಾಮಭಾವು. ತಾಸಗಾಂವದ ಈ ಸರದಾರರು ಪೇಶ್ವೆಯ ಹಿರಿಯ ಸೇನಾನಿಗಳಲ್ಲಿ ಒಬ್ಬರಾಗಿದ್ದರು. ಶೌರ್ಯಕ್ಕೆ ಕೊರತೆಯಿರಲಿಲ್ಲ. ಆದರೂ ಯುದ್ಧವೆಂಬುದು ಎಷ್ಟು ನಗೆಪಾಟಲಿನದು, ಎಷ್ಟು ದಾರುಣವಾದುದು ಎಂಬುದಕ್ಕೆ ಅವರ ಬದುಕೇ ನಿದರ್ಶನ.

1790ರಲ್ಲಿ ಪೇಶ್ವೆ, ನಿಜಾಮ ಹಾಗೂ ಈಸ್ಟ್ ಇಂಡಿಯಾ ಕಂಪನಿ ಟಿಪ್ಪು ಸುಲ್ತಾನನ ವಿರುದ್ಧ ಒಂದಾದಾಗ ಭಾವು ಅವರ ಪಾಲಿಗೆ ಬಂದದ್ದು ಧಾರವಾಡದ ಕೋಟೆ. ನೆರವಿಗೆ ಕ್ಯಾಪ್ಟನ್ ಲಿಟ್ಲ್ ಮುಂದಾಳತ್ವದ ಕಂಪನಿಯ ತುಕಡಿಯಿತ್ತು. ಮುತ್ತಿಗೆಯ ವೈಖರಿಯನ್ನು ಆ ತುಕಡಿಯ ಅಧಿಕಾರಿ ಎಡ್ವರ್ಡ್ ಮೂರ್ 1794ರಲ್ಲಿ ದಾಖಲಿಸಿದ್ದಾನೆ. ಗೋಲಂದಾಜರು ಫಿರಂಗಿಗೆ ಮದ್ದು ತುಂಬಿ, ಅರ್ಧ ತಾಸು ಹರಟುತ್ತ ಹೊಗೆ ಸೇದುತ್ತ ಕೂರುವರು. ಬಳಿಕ ಒಂದು ಗುಂಡು ಹಾರಿಸುವರು. ಧೂಳೆದ್ದರೆ ಕೆಲಸ ಮುಗಿದಂತೆ. ಮಧ್ಯಾಹ್ನ ಒಂದರಿಂದ ಮೂರರವರೆಗೆ ಎರಡೂ ಕಡೆಯ ಫಿರಂಗಿಗಳು ಬಹುತೇಕ ಮೌನ. ಅದು ಊಟದ ವೇಳೆ!

ಫೆಬ್ರವರಿ 1791ರಲ್ಲಿ ಕಂದಕಕ್ಕೆ ಕಟ್ಟಿಗೆ ತುಂಬಿ ಕೋಟೆ ಏರುವ ಯತ್ನ ನಡೆಯಿತು. ಒಳಗಿನವರು ಕಟ್ಟಿಗೆಗೇ ಬೆಂಕಿಯಿಟ್ಟರು. ಏಪ್ರಿಲ್‌ನಲ್ಲಿ ಕೋಟೆ ಶರಣಾಯಿತು. ಒಪ್ಪಂದದಂತೆ ಹೊರಬಿದ್ದ ಸೈನ್ಯದ ಮೇಲೆ ದಾರಿಯಲ್ಲಿ ದಾಳಿಯಾಗಿ, ಸೇನಾನಿ ಬದ್ರುಜ್ಜಮಾನ್ ಖಾನ್ ಸೆರೆಯಾದ. ಅದೇ ವರ್ಷ ಮರಾಠಾ ಸವಾರರು ಶೃಂಗೇರಿ ಮಠವನ್ನು ಲೂಟಿ ಮಾಡಿದರು. ಮಠಕ್ಕೆ ನೆರವಾದವನು ಟಿಪ್ಪು.

ಇತ್ತ ಶ್ರೀರಂಗಪಟ್ಟಣದ ಬಳಿ ಕಾರ್ನ್‌ವಾಲಿಸನ ಸೇನೆ ಹಸಿವಿನಿಂದ ಕಂಗೆಟ್ಟಿತ್ತು. ಮೇ 1791ರಲ್ಲಿ ಆತ ತನ್ನ ಭಾರೀ ಫಿರಂಗಿಗಳನ್ನು ತಾನೇ ನಾಶಪಡಿಸಿ ಹಿಮ್ಮೆಟ್ಟಿದ. ದಾರಿಯಲ್ಲಿ ಎದುರಾದದ್ದು ಧಾನ್ಯ ತುಂಬಿದ ಬಜಾರಿನೊಡನೆ ಬಂದ ಮರಾಠಾ ಸೇನೆ! ಕೆಲವೇ ದಿನ ಮೊದಲು ಬಂದಿದ್ದರೆ ಫಿರಂಗಿಗಳು ಉಳಿಯುತ್ತಿದ್ದವು. ಬಳಿಕ ಭಾವು ಶಿವಮೊಗ್ಗ, ಬಿದನೂರಿನತ್ತ ಹೊರಳಿದರು. ಶ್ರೀರಂಗಪಟ್ಟಣ ತಲುಪುವಷ್ಟರಲ್ಲಿ ಕದನವಿರಾಮವಾಗಿತ್ತು.

1795ರಲ್ಲಿ ಖರ್ಡಾದಲ್ಲಿ ಭಾವು ಮರಾಠಾ ಸೇನೆಯನ್ನು ಮುನ್ನಡೆಸಿ ಹಿಂದಿನ ಮಿತ್ರ ನಿಜಾಮನನ್ನೇ ಸೋಲಿಸಿದರು. ಮರುವರ್ಷ ಪುಣೆಯ ಪೇಶ್ವೆ ಪಟ್ಟದ ಒಳಜಗಳದಲ್ಲಿ ಸಿಲುಕಿ ಸೆರೆವಾಸ ಕಂಡರು.

ಮೇ 1799ರಲ್ಲಿ ಟಿಪ್ಪು ಮಡಿದ. ಅದೇ ಸೆಪ್ಟೆಂಬರ್‌ನಲ್ಲಿ ಭಾವು ಕೂಡ ಚಿಕ್ಕೋಡಿ ಸೀಮೆಯ ಪಟ್ಟಣಕುಡಿಯಲ್ಲಿ ಹತರಾದರು. ಕೊಂದದ್ದು ಮೈಸೂರಿನ ಸೇನೆಯಲ್ಲ, ಕಂಪನಿಯದೂ ಅಲ್ಲ. ಮರಾಠರೇ ಆದ ಕೊಲ್ಲಾಪುರದ ಪಡೆ. ದೂರದ ಶತ್ರುವಿಗಾಗಿ ವರ್ಷಗಟ್ಟಲೆ ಯೋಜನೆ ಹೂಡಿದ ಸೇನಾನಿಗೆ ಸಾವು ಬಂದದ್ದು ನೆರೆಮನೆಯಿಂದ.